ಕಪಾಟಿನಲ್ಲಿ ಉಳಿದ ಮಂಗಳಪದ

ಕಾಸರಗೋಡು ಜಿಲ್ಲೆಯ ಮನೆಗಳಲ್ಲಿ ಯಕ್ಷಗಾನದ ಕ್ಯಾಸೆಟ್ಟು, ವಿಡಿಯೋ ಟೇಪು, ಸಿ.ಡಿ.ಗಳನ್ನು ಜೋಪಾನವಾಗಿ ಇಟ್ಟುಕೊಂಡವರಿಗೆ ಒಂದು ಬಹಿರಂಗ ಪತ್ರ



ನಿಮ್ಮ ಮನೆಯಲ್ಲಿ ಅದು ಎಲ್ಲಿದೆ ಎಂದು ನಿಮಗೆ ಗೊತ್ತು. ಅಟ್ಟದ ಮೇಲಿನ ಟ್ರಂಕಿನಲ್ಲೋ, ಅಜ್ಜನ ಕಾಲದ ಮರದ ಕಪಾಟಿನ ಕೆಳಗಿನ ಅರೆಯಲ್ಲೋ, ಗಲ್ಫಿನಿಂದ ಬಂದ ಬಿಸ್ಕತ್ತಿನ ತಗಡು ಡಬ್ಬದಲ್ಲೋ ಹತ್ತಿಪ್ಪತ್ತು ಕ್ಯಾಸೆಟ್ಟುಗಳಿವೆ. ಅಂಟಿಸಿದ ಚೀಟಿಯ ಮೇಲೆ ನೀಲಿ ಶಾಯಿಯಲ್ಲಿ ‘ವಾಲಿಮೋಕ್ಷ – 1’, ‘ಕರ್ಣಪರ್ವ – 3ನೆಯದು’, ‘ದೇವೀಮಹಾತ್ಮ್ಯೆ, ನಮ್ಮಲ್ಲಿ ಆದದ್ದು’ ಎಂದು ಬರೆದಿದೆ. ಪ್ರಸಂಗದ ಹೆಸರಿದೆ, ತಾರೀಕಿಲ್ಲ. ಪದ ಹೇಳಿದವರು ಯಾರು, ಮದ್ದಳೆಗೆ ಯಾರು ಕೂತಿದ್ದರು ಎಂಬುದನ್ನೂ ಬರೆದಿಲ್ಲ. ಬರೆಯಬೇಕೆಂದು ಆಗ ಯಾರಿಗೂ ಅನಿಸಿರಲಿಲ್ಲ. ಒಂದು ಎಳೆ ಸ್ವರ ಕೇಳಿದರೆ ಸಾಕು, ಅಂಗಳದಲ್ಲಿ ಆಡುವ ಮಕ್ಕಳೂ ಭಾಗವತರ ಹೆಸರು ಹೇಳುತ್ತಿದ್ದ ಕಾಲ ಅದು.

ಈ ಪತ್ರ ಆ ಡಬ್ಬದ ಬಗ್ಗೆ. ಅದರೊಳಗೆ ಇರುವುದು ನಿಮ್ಮ ಮನೆಯ ಒಂದು ರಾತ್ರಿಯ ನೆನಪಷ್ಟೇ ಎಂದು ನೀವು ತಿಳಿದಿರಬಹುದು. ನಿಜವಾಗಿ ಅಲ್ಲಿರುವುದು ಕೆಲವು ದೊಡ್ಡ ಜೋಡಿಗಳ ವಿದಾಯದ ಧ್ವನಿಮುದ್ರಣ. ಬೇರೆ ಎಲ್ಲಿಯೂ ಅದರ ಪ್ರತಿ ಇಲ್ಲದಿರುವ ಸಾಧ್ಯತೆಯೇ ಹೆಚ್ಚು.

ವಿದಾಯ ಎಂಬ ಮಾತಿಗೆ ಹೊರಗಿನ ಲೋಕದಲ್ಲಿ ಒಂದು ವ್ಯವಸ್ಥೆಯಿದೆ. 1986ರ ಜೂನ್ 28ರಂದು ಲಂಡನ್ನಿನ ವೆಂಬ್ಲಿ ಮೈದಾನದಲ್ಲಿ ಜಾರ್ಜ್ ಮೈಕೆಲ್ ಮತ್ತು ಆಂಡ್ರ್ಯೂ ರಿಡ್ಜ್ಲಿ ಎಂಬ ಇಬ್ಬರು ಗೆಳೆಯರು ತಮ್ಮ ‘ವ್ಯಾಮ್!’ ಜೋಡಿಯ ಕೊನೆಯ ಕಚೇರಿ ನಡೆಸಿದರು. ಸೇರಿದ ಜನ ಸುಮಾರು 72,000. ಅದೇ ಬೇಸಿಗೆಯಲ್ಲಿ ‘ದ ಫೈನಲ್’ ಎಂಬ ವಿದಾಯದ ಆಲ್ಬಂ ಬಂತು. ಹಿಂದಿನ ವರ್ಷ ಅವರು ಚೀನಾಕ್ಕೆ ಹೋಗಿದ್ದಾಗ ತೆಗೆದ ‘ಫಾರಿನ್ ಸ್ಕೈಸ್’ ಎಂಬ ಚಿತ್ರವನ್ನು ಆ ಮೈದಾನದ ಪರದೆಯ ಮೇಲೆ ತೋರಿಸಲಾಯಿತು. ಅದು ಮನೆಯಲ್ಲಿ ಕೂತು ನೋಡುವ ವಿಡಿಯೋ ಕ್ಯಾಸೆಟ್ಟಾಗಿಯೂ ಅಂಗಡಿಗೆ ಬಂತು. ಅದಕ್ಕೂ ಮೊದಲು, 1970ರಲ್ಲಿ ಬೇರೆಯಾಗಿದ್ದ ಸೈಮನ್ ಮತ್ತು ಗಾರ್ಫಂಕೆಲ್ ಜೋಡಿ 1981ರ ಸೆಪ್ಟೆಂಬರ್ 19ರಂದು ನ್ಯೂಯಾರ್ಕಿನ ಸೆಂಟ್ರಲ್ ಪಾರ್ಕಿನಲ್ಲಿ ಸುಮಾರು ಐದು ಲಕ್ಷ ಜನರ ಮುಂದೆ ಒಂದು ಸಂಜೆಗಾಗಿ ಮತ್ತೆ ಒಟ್ಟಿಗೆ ಹಾಡಿತು. ಮರುವರ್ಷ ಅದರ ಆಲ್ಬಮ್ಮೂ ಮಾರುಕಟ್ಟೆಯಲ್ಲಿತ್ತು. ಜಾರ್ಜ್ ಮೈಕೆಲ್ 2016ರ ಕ್ರಿಸ್‌ಮಸ್ ದಿನ ತೀರಿಕೊಂಡರು. ಅವರ ಅಭಿಮಾನಿಗಳ ಕೈಯಲ್ಲಿ ಹಾಡು ಉಳಿದಿದೆ, ಚಿತ್ರ ಉಳಿದಿದೆ, ದಿನಾಂಕ ಉಳಿದಿದೆ.

ನಮ್ಮ ಕಡೆಯೂ ದಿನ ಗೊತ್ತುಮಾಡಿ ವಿದಾಯ ಹೇಳಿದವರು ಇಲ್ಲವೆಂದಲ್ಲ. ಎಸ್. ಜಾನಕಿಯವರು 2017ರ ಅಕ್ಟೋಬರ್ 28ರಂದು ಮೈಸೂರಿನ ಮಾನಸಗಂಗೋತ್ರಿಯ ಬಯಲು ರಂಗಮಂದಿರದಲ್ಲಿ ಹಾಡಿ, ವೇದಿಕೆಗೆ ನಮಸ್ಕರಿಸಿದರು. ಸಿನಿಮಾ ಸಂಗೀತದ ಲೋಕಕ್ಕೆ ಅಂಥ ಏರ್ಪಾಡು ಸಾಧ್ಯ.

ಯಕ್ಷಗಾನದಲ್ಲಿ ಆ ಪದ್ಧತಿ ಇಲ್ಲ. ಇಲ್ಲಿ ವಿದಾಯ ಪ್ರತಿ ರಾತ್ರಿಯೂ ಇದೆ, ಪ್ರತಿ ವರ್ಷವೂ ಇದೆ. ಬೆಳಗಿನ ಜಾವ ಭಾಗವತರು ಮಂಗಳ ಹಾಡಿದರೆ ಆ ರಾತ್ರಿಯ ಆಟ ಮುಗಿಯಿತು. ಬೇಶ ತಿಂಗಳ ಹತ್ತನೆಯ ದಿನ, ಅಂದರೆ ಮೇ ಕೊನೆಯ ವಾರದ ಪತ್ತನಾಜೆಗೆ ಗೆಜ್ಜೆ ಬಿಚ್ಚಿದರೆ ಆ ವರ್ಷದ ತಿರುಗಾಟ ಮುಗಿಯಿತು. ಮುಂದಿನ ದೀಪಾವಳಿ ಕಳೆದ ಮೇಲೆ ಮತ್ತೆ ಗೆಜ್ಜೆ ಕಟ್ಟುತ್ತಾರೆ ಎಂಬ ನಂಬಿಕೆಯಲ್ಲೇ ಎಲ್ಲರೂ ಮನೆಗೆ ಹೋಗುತ್ತಾರೆ. ಯಾವ ಮಂಗಳ ಕೊನೆಯದು ಎಂದು ಹಾಡಿದವರಿಗೂ ಗೊತ್ತಿರುವುದಿಲ್ಲ, ಕೇಳಿದವರಿಗೂ ಗೊತ್ತಿರುವುದಿಲ್ಲ. ಆದ್ದರಿಂದಲೇ ವಿದಾಯದ ಆಲ್ಬಂ ಎಂದು ಯಾರೂ ಮುದ್ರಿಸಿಡಲಿಲ್ಲ. ನಿಮ್ಮ ಮನೆಯವರು, ತಿಳಿಯದೆಯೇ, ಅದನ್ನು ಮುದ್ರಿಸಿಟ್ಟರು.

ಒಂದು ಜೋಡಿಯನ್ನು ನೆನಪಿಸಿಕೊಳ್ಳಿ. ಮಧೂರಿನಲ್ಲಿ 1947ರಲ್ಲಿ ಹುಟ್ಟಿದ ಹುಡುಗಿಯೊಬ್ಬರು ಶಾಸ್ತ್ರೀಯ ಸಂಗೀತ ಕಲಿತರು. ಮದುವೆಯಾಗಿ ಹೋದ ಮನೆಯಲ್ಲಿ ಗಂಡ ಹಿಮ್ಮೇಳದ ಕಲಾವಿದರು. ಅವರೇ ಗುರುವಾಗಿ ಹೆಂಡತಿಗೆ ಯಕ್ಷಗಾನದ ಪದಗಳನ್ನೂ ತಾಳ, ನಡೆಗಳನ್ನೂ ಹೇಳಿಕೊಟ್ಟರು. ಹಾಗೆ ಲೀಲಾವತಿ ಬೈಪಾಡಿತ್ತಾಯರು ಭಾಗವತರಾದರು. ಹರಿನಾರಾಯಣ ಬೈಪಾಡಿತ್ತಾಯರು ಪಕ್ಕದಲ್ಲಿ ಚೆಂಡೆ ಮದ್ದಳೆಗೆ ನಿಂತರು. ಗಂಡಸರದೇ ಆಗಿದ್ದ ವೃತ್ತಿಮೇಳದ ರಂಗದಲ್ಲಿ, ರಾತ್ರಿಯಿಡೀ ನಡೆಯುವ ಆಟಕ್ಕೆ ಹೆಣ್ಣೊಬ್ಬರು ಜಾಗಟೆ ಹಿಡಿದು ಕೂತು, ಊರಿಂದೂರಿಗೆ ತಿರುಗಾಟ ಮಾಡಿದ್ದು ಅವರಿಂದಲೇ ಮೊದಲು. ಶಿಷ್ಯರು ಇಬ್ಬರ ಹೆಸರನ್ನೂ ಬೆಸೆದು ‘ಹರಿಲೀಲಾ’ ಎಂದೇ ಕರೆಯುತ್ತಾರೆ. 2023ರಲ್ಲಿ ಲೀಲಾವತಿಯವರಿಗೆ ಕರ್ನಾಟಕ ರಾಜ್ಯೋತ್ಸವ ಪ್ರಶಸ್ತಿ ಬಂತು. 2024ರ ಡಿಸೆಂಬರ್ 14ರಂದು ಅವರು ತೀರಿಕೊಂಡರು.

ಪ್ರಶಸ್ತಿಯ ಸುದ್ದಿ, ಅಗಲಿಕೆಯ ಸುದ್ದಿ ಪತ್ರಿಕೆಗಳಲ್ಲಿ ಬಂದಿದೆ. ಆದರೆ ಮೊದಲ ವರ್ಷಗಳಲ್ಲಿ, ಡೇರೆಯ ಎದುರು ಕೂತ ಜನ ಹೆಣ್ಣುದನಿಯ ಏರುಪದವನ್ನು ಮೊದಲ ಬಾರಿಗೆ ಕೇಳಿ ತಲೆ ಎತ್ತಿದ ರಾತ್ರಿಗಳಲ್ಲಿ, ಆ ಸ್ವರ ಹೇಗಿತ್ತು? ಗಂಡನ ಮದ್ದಳೆಯ ನುಡಿತಕ್ಕೆ ಹೆಂಡತಿಯ ಪದ ಎಲ್ಲಿ ಹೊರಳುತ್ತಿತ್ತು, ಎಲ್ಲಿ ಕಾಯುತ್ತಿತ್ತು? ಆ ಇಬ್ಬರ ಲೆಕ್ಕಾಚಾರ ಯಾವ ಸನ್ಮಾನಪತ್ರದಲ್ಲೂ ಇಲ್ಲ. ಅದು ಟೇಪಿನಲ್ಲಿ ಮಾತ್ರ ಸಿಗುತ್ತದೆ.

ಇನ್ನೊಂದು ಜೋಡಿ ತಂದೆ ಮಗನದು. ಎಣ್ಮಕಜೆ ಪಂಚಾಯತಿನ ಪಡ್ರೆಯಲ್ಲಿ 1938ರಲ್ಲಿ ಹುಟ್ಟಿದ ಬಲಿಪ ನಾರಾಯಣ ಭಾಗವತರು ಅಜ್ಜನಿಂದ ಪದ ಕಲಿತವರು. ಅಜ್ಜನ ಹೆಸರೂ ಬಲಿಪ ನಾರಾಯಣ ಭಾಗವತರೇ. ಆ ಮನೆತನದ ಹಾಡಿಕೆ ‘ಬಲಿಪ ಶೈಲಿ’ ಎಂದೇ ಹೆಸರಾಯಿತು. ಎತ್ತರದ ಶ್ರುತಿಯಲ್ಲಿ, ಶಬ್ದದ ಒಂದಕ್ಷರವೂ ಜಾರದಂತೆ, ಪ್ರಸಂಗಗಳನ್ನು ಪುಸ್ತಕ ನೋಡದೆ ನಡೆಸುತ್ತಿದ್ದ ಹಿರಿಯರು ಅವರು. ಕಟೀಲು ಮೇಳದಲ್ಲಿ ದಶಕಗಳ ಕಾಲ ಪದ ಹೇಳಿದರು. ಐದು ದಿನಗಳ ‘ದೇವೀಮಹಾತ್ಮ್ಯೆ’ಯನ್ನು ಬರೆದರು. ಮಗ ಬಲಿಪ ಪ್ರಸಾದ ಭಾಗವತರು ಅದೇ ಶೈಲಿಯನ್ನು ಎತ್ತಿ ಹಿಡಿದರು. 2022ರ ಏಪ್ರಿಲಿನಲ್ಲಿ ಮಗ ಹೋದರು. ವರ್ಷ ತುಂಬುವ ಮೊದಲೇ, 2023ರ ಫೆಬ್ರವರಿ 16ರಂದು ತಂದೆಯೂ ಹೋದರು. ಸುಮಾರು ಹತ್ತು ತಿಂಗಳ ಅಂತರದಲ್ಲಿ ಒಂದು ಶೈಲಿಯ ಎರಡು ದೊಡ್ಡ ಕಂಠಗಳು ನಿಂತುಹೋದವು.

ಅವರ ಪದಗಳು ಈಚಿನ ವರ್ಷಗಳವು ಯೂಟ್ಯೂಬಿನಲ್ಲಿ ಬೇಕಾದಷ್ಟಿವೆ. ಆದರೆ ಬಲಿಪರ ನಡುವಯಸ್ಸಿನ, ತುಂಬು ಕಂಠದ ರಾತ್ರಿಗಳು ಬೇರೆ. ಅವು ಮೊಬೈಲು ಬರುವುದಕ್ಕೆ ಮೊದಲಿನವು. ಪೆರ್ಲ, ಬದಿಯಡ್ಕ, ಮುಳ್ಳೇರಿಯ, ಕುಂಬಳೆ, ಮಂಜೇಶ್ವರದ ಸುತ್ತಿನ ಮನೆಗಳಲ್ಲಿ ಹರಕೆ ಆಟ ಆಡಿಸಿದವರ ಹತ್ತಿರವೇ ಅವು ಇರಬೇಕು.

ಮೂರನೆಯದು ಮಾತಿನ ಜೋಡಿ. ಅದೇ ಎಣ್ಮಕಜೆಯ ಶೇಣಿಯ ಹೆಸರನ್ನು ನಾಡಿಗೆಲ್ಲ ಪರಿಚಯಿಸಿದ ಶೇಣಿ ಗೋಪಾಲಕೃಷ್ಣ ಭಟ್ಟರು (1918–2006) ಮತ್ತು ಮಲ್ಪೆ ರಾಮದಾಸ ಸಾಮಗರು (1926–2009) ತಾಳಮದ್ದಳೆಯ ಕೂಟದಲ್ಲಿ ಎದುರುಬದುರು ಕೂತರೆಂದರೆ ಜನ ಹತ್ತಾರು ಮೈಲಿ ನಡೆದು ಬರುತ್ತಿದ್ದರು. ಶೇಣಿಯವರ ವಾಲಿ, ರಾವಣ, ಮಾಗಧ. ಬಪ್ಪನಾಡು ಕ್ಷೇತ್ರದ ಕಥೆಯಲ್ಲಿ ಅವರ ಬಪ್ಪಬ್ಯಾರಿ. ಕೇಳಿದವರ ನೆನಪಿನಲ್ಲಿ ಇವು ಇಂದಿಗೂ ಮಾತಾಡುತ್ತವೆ. ಕುಂಬಳೆ ಸುಂದರ ರಾವ್ (1934–2022) ಅವರನ್ನೂ ಈ ಸಾಲಿಗೆ ಸೇರಿಸಬೇಕು. ಅವರ ಪ್ರಾಸಬದ್ಧ ಕನ್ನಡದ ಓಟಕ್ಕೆ ಸಮನಾದ ಓಟ ಅರ್ಥಗಾರಿಕೆಯಲ್ಲಿ ಇನ್ನೊಂದಿಲ್ಲ.

ಇಲ್ಲೊಂದು ವಿಷಯ ಗಮನಿಸಬೇಕು. ಕುಂಬಳೆಯ ಪಾರ್ತಿಸುಬ್ಬ ಬರೆದ ರಾಮಾಯಣ ಪ್ರಸಂಗಗಳ ಪದ್ಯ ಪುಸ್ತಕದಲ್ಲಿದೆ. ಕುಕ್ಕಿಲ ಕೃಷ್ಣ ಭಟ್ಟರಂಥ ವಿದ್ವಾಂಸರು ಅದನ್ನು ಶೋಧಿಸಿ ಅಚ್ಚು ಹಾಕಿಸಿದ್ದಾರೆ. ‘ಯಕ್ಷವಾಹಿನಿ’ಯ ಬಳಗ ನೂರಾರು ಪ್ರಸಂಗಗಳನ್ನು ಗಣಕಕ್ಕೆ ಏರಿಸಿದೆ. ಪದ್ಯಕ್ಕೆ ಇನ್ನು ಭಯವಿಲ್ಲ. ಅರ್ಥಕ್ಕೆ ಪುಸ್ತಕವಿಲ್ಲ. ರಾಮನ ಬಾಣ ನಾಟಿ ಬಿದ್ದ ವಾಲಿ ಆ ರಾತ್ರಿ ಏನು ಕೇಳಿದ, ರಾಮ ಏನು ಉತ್ತರ ಕೊಟ್ಟ, ಅದಕ್ಕೆ ವಾಲಿ ಮತ್ತೆ ಹೇಗೆ ಪಾಟೀಸವಾಲು ಹಾಕಿದ ಎಂಬುದು ಆ ಇಬ್ಬರು ಆ ಕ್ಷಣದಲ್ಲಿ ಕಟ್ಟಿದ ಮಾತು. ಮರುದಿನ ಅದೇ ಪ್ರಸಂಗ ಪಕ್ಕದ ಊರಲ್ಲಿ ನಡೆದರೆ ಮಾತು ಬೇರೆ. ಯಾರೋ ಒಬ್ಬರು ಟೇಪ್ ರೆಕಾರ್ಡರಿನ ಕೆಂಪು ಗುಂಡಿ ಒತ್ತಿದ್ದರೆ ಅದು ಉಳಿಯಿತು. ಒತ್ತದಿದ್ದರೆ ಹೋಯಿತು.

ಆ ಗುಂಡಿ ಒತ್ತಿದವರು ನಿಮ್ಮ ಮನೆಯವರು. ಅದೇನೂ ಸುಲಭದ ಕೆಲಸವಾಗಿರಲಿಲ್ಲ ಎಂಬುದನ್ನು ಇಂದಿನ ಮಕ್ಕಳಿಗೆ ಹೇಳಬೇಕು. ಗಲ್ಫಿನಲ್ಲಿದ್ದ ಅಣ್ಣನೋ ಮಾವನೋ ರಜೆಯಲ್ಲಿ ಬರುವಾಗ ತಂದ ಟೂ-ಇನ್-ಒನ್ನು. ಹಳ್ಳಿಯ ಕರೆಂಟಿನ ಮೇಲೆ ಭರವಸೆಯಿಲ್ಲ, ಆದ್ದರಿಂದ ಹೊಸ ಬ್ಯಾಟರಿ ಸೆಲ್ಲು. ಸಿ-90 ಕ್ಯಾಸೆಟ್ಟಿನ ಒಂದು ಮಗ್ಗುಲಿಗೆ 45 ನಿಮಿಷ. ಅದರೊಳಗಿನ ಟೇಪು ನಾಲ್ಕು ಮಿಲಿಮೀಟರೂ ಅಗಲವಿಲ್ಲದ, ಸುಮಾರು 130 ಮೀಟರ್ ಉದ್ದದ ಕಂದು ಪಟ್ಟಿ, ಸೆಕೆಂಡಿಗೆ 4.76 ಸೆಂಟಿಮೀಟರಿನಂತೆ ಓಡುತ್ತದೆ. ರಾತ್ರಿ ಒಂಬತ್ತಕ್ಕೆ ಶುರುವಾದ ಕೂಟ ಬೆಳಗ್ಗೆ ಆರಕ್ಕೆ ಮುಗಿದರೆ ಆರು ಕ್ಯಾಸೆಟ್ಟು ಬೇಕು. ಹನ್ನೊಂದು ಸಲ ಮಗುಚಬೇಕು ಅಥವಾ ಬದಲಾಯಿಸಬೇಕು. ನಿದ್ದೆ ಬಿಟ್ಟು ಒಬ್ಬರು ಅದರ ಪಕ್ಕದಲ್ಲೇ ಕೂತಿರಬೇಕು. ಮಾತು ಏರುತ್ತಿರುವಾಗಲೇ ‘ಟಕ್’ ಎಂದು ಗುಂಡಿ ಮೇಲಕ್ಕೆ ಹಾರುತ್ತದೆ. ಕ್ಯಾಸೆಟ್ಟು ಮಗುಚಿ ಹಾಕುವಷ್ಟರಲ್ಲಿ ಎರಡು ವಾಕ್ಯ ಹೋಗಿರುತ್ತವೆ.

ಈಗ ಆ ಕ್ಯಾಸೆಟ್ಟು ಕೇಳಿದರೆ ಜಾಗಟೆಯ ಸದ್ದು ಕಿವಿಗೆ ಹೊಡೆಯುತ್ತದೆ, ಯಾಕೆಂದರೆ ಟೇಪ್ ರೆಕಾರ್ಡರು ಭಾಗವತರ ಕಾಲಬುಡದಲ್ಲಿತ್ತು. ದೂರದಲ್ಲಿ ನಾಯಿ ಬೊಗಳುತ್ತದೆ. ಯಾರೋ ಕೆಮ್ಮುತ್ತಾರೆ. ಚಹಾದ ಲೋಟಗಳು ತಟ್ಟೆಗೆ ತಾಗುತ್ತವೆ. ಅರ್ಥಧಾರಿಯ ಒಂದು ಮಾತಿಗೆ ಇಡೀ ಚಪ್ಪರ ನಗುತ್ತದೆ, ಆ ನಗುವಿನಲ್ಲಿ ನಿಮ್ಮ ಅಜ್ಜನ ನಗುವೂ ಇದೆ. ಸ್ಟುಡಿಯೋದಲ್ಲಿ ಕಾಲಮಿತಿ ಹಾಕಿ ಮುದ್ರಿಸಿ ಮಾರಿದ ಕ್ಯಾಸೆಟ್ಟಿನಲ್ಲಿ ಇದೊಂದೂ ಇಲ್ಲ. ಅಲ್ಲಿ ಒಂದು ರಾತ್ರಿಯ ಪ್ರಸಂಗವನ್ನು ಒಂದೆರಡು ಗಂಟೆಗೆ ಇಳಿಸಬೇಕಿತ್ತು. ಕಲಾವಿದರು ಗಡಿಯಾರ ನೋಡುತ್ತ ಮಾತಾಡಬೇಕಿತ್ತು. ಮನೆಯ ಕ್ಯಾಸೆಟ್ಟಿನಲ್ಲಿ ಅವರು ಕೇಳುವವರ ಮುಖ ನೋಡುತ್ತ ಮಾತಾಡಿದರು.

ವಿಡಿಯೋದ ಕಥೆಯೂ ಹೀಗೆಯೇ. 1980, 90ರ ದಶಕಗಳಲ್ಲಿ ಹರಕೆ ಆಟ ಆಡಿಸುವ ಮನೆಯವರು, ಮದುವೆಗೆ ಕರೆಸಿದಂತೆ, ವಿಡಿಯೋ ತೆಗೆಯುವವರನ್ನೂ ಕರೆಸುತ್ತಿದ್ದರು. ಮೂರು ಗಂಟೆಯ ವಿ.ಎಚ್.ಎಸ್. ಕ್ಯಾಸೆಟ್ಟು ಮೂರೋ ನಾಲ್ಕೋ. ಚೌಕಿಪೂಜೆಯಿಂದ ಶುರುವಾಗಿ, ಮನೆಯವರು ಪ್ರಸಾದ ತೆಗೆದುಕೊಳ್ಳುವ ದೃಶ್ಯ, ನೆಂಟರ ಸಾಲು, ಆಮೇಲೆ ಆಟ. ಕ್ಯಾಮರಾದ ದೀಪ ನಿಮ್ಮ ಅತ್ತೆಯ ಮುಖದ ಮೇಲೆ ನಿಂತಷ್ಟು ಹೊತ್ತು ಮಹಿಷಾಸುರನ ಮೇಲೆ ನಿಂತಿಲ್ಲದಿರಬಹುದು. ಆದರೂ ಹಿಂದೆ ಭಾಗವತರ ಪದ ಕೇಳುತ್ತಿದೆ, ಚೆಂಡೆಯವರ ಕೈ ಕಾಣುತ್ತಿದೆ, ಅಂದಿನ ವೇಷದ ಬಣ್ಣಗಾರಿಕೆ, ಕಿರೀಟದ ಕೆಲಸ ಕಾಣುತ್ತಿದೆ. ಆಮೇಲೆ ಬಂದ ವಿ.ಸಿ.ಡಿ.ಯಲ್ಲಿ ಒಂದು ತಟ್ಟೆಗೆ ಎಪ್ಪತ್ತು ಚಿಲ್ಲರೆ ನಿಮಿಷ ಮಾತ್ರ. ಒಂದು ಆಟ ಹಲವು ತಟ್ಟೆಗಳಲ್ಲಿ ಹಂಚಿಹೋಗಿದೆ, ಅದರಲ್ಲಿ ಎರಡನೆಯದು ಯಾರ ಮನೆಗೋ ಹೋಗಿದೆ.

ಮುದ್ರಿಸಿಟ್ಟ ಟೇಪಿಗೆ ಎಷ್ಟು ಬೆಲೆ ಎಂದು ಕೇಳುವವರಿಗೆ ಎರಡು ನಿದರ್ಶನ ಸಾಕು. ಬಡಗುತಿಟ್ಟಿನ ಭಾಗವತ ಕಾಳಿಂಗ ನಾವಡರು 1990ರಲ್ಲಿ ಅಪಘಾತದಲ್ಲಿ ತೀರಿಕೊಂಡಾಗ ಅವರಿಗೆ ಮೂವತ್ತೆರಡೂ ತುಂಬಿರಲಿಲ್ಲ. ಅವರು ಹೋದ ಮೇಲೆ ಹುಟ್ಟಿದ ಮಕ್ಕಳೂ ಇಂದು ಅವರ ಶೈಲಿಯನ್ನು ಅನುಕರಿಸಿ ಪದ ಹೇಳುತ್ತಾರೆ. ಆ ಮಕ್ಕಳ ಗುರು ಕ್ಯಾಸೆಟ್ಟು. ಇನ್ನೊಂದು, ತುಳುವಿನ ಸಿರಿ ಪಾಡ್ದನ. 1990ರ ಡಿಸೆಂಬರಿನಲ್ಲಿ ಫಿನ್ಲೆಂಡಿನ ವಿದ್ವಾಂಸ ಲೌರಿ ಹೊಂಕೊ ಮತ್ತು ನಮ್ಮವರೇ ಆದ ವಿವೇಕ ರೈ, ಚಿನ್ನಪ್ಪ ಗೌಡರ ತಂಡ ಉಜಿರೆಯ ಹತ್ತಿರದ ಮಾಚಾರು ಗೋಪಾಲ ನಾಯ್ಕರ ಬಾಯಿಂದ ಆ ಕಾವ್ಯವನ್ನು ಕೆಲವು ದಿನ ಸತತವಾಗಿ ಕೇಳಿ ಮುದ್ರಿಸಿಕೊಂಡಿತು. 15,683 ಸಾಲಿನ ಮಹಾಕಾವ್ಯವಾಗಿ ಅದು 1998ರಲ್ಲಿ ಪುಸ್ತಕವಾಯಿತು. ಒಬ್ಬ ಮನುಷ್ಯನ ನಾಲಗೆಯ ಮೇಲಿದ್ದುದು ಲೋಕದ ಗ್ರಂಥಾಲಯಗಳಿಗೆ ಹೋಯಿತು. ನಡುವೆ ಇದ್ದದ್ದು ಮುದ್ರಿಸಿಕೊಂಡ ಟೇಪು.

ಉಡುಪಿಯ ಎಂ.ಜಿ.ಎಂ. ಕಾಲೇಜಿನಲ್ಲಿ ಕು.ಶಿ. ಹರಿದಾಸ ಭಟ್ಟರು ಕಟ್ಟಿದ ಪ್ರಾದೇಶಿಕ ರಂಗಕಲೆಗಳ ಅಧ್ಯಯನ ಕೇಂದ್ರ ಇಂಥ ದಾಖಲಾತಿಯ ಕೆಲಸವನ್ನು ದಶಕಗಳ ಹಿಂದೆಯೇ ಕೈಗೆತ್ತಿಕೊಂಡಿತು. ಗಡಿಯ ಈಚೆಗೆ, ಕಾಸರಗೋಡಿನಲ್ಲಿ, ಆ ಭಾರ ಬಹುಪಾಲು ಮನೆಗಳ ಮೇಲೆಯೇ ಬಿತ್ತು. 1956ರ ನವೆಂಬರ್ 1ರಿಂದ ಈ ನೆಲ ಕೇರಳದ್ದು, ಮಾತು ಮತ್ತು ಆಟ ಕನ್ನಡದ್ದು, ತುಳುವಿನದು. ಕೇರಳದ ಜಾನಪದ ಅಕಾಡೆಮಿ ಕಣ್ಣೂರಿನಲ್ಲಿದೆ. ಕರ್ನಾಟಕದ ಯಕ್ಷಗಾನ ಅಕಾಡೆಮಿ ಬೆಂಗಳೂರಿನಲ್ಲಿದೆ. ನಡುವೆ ಎಡನೀರು ಮಠದಂಥ ಕಡೆ ಚಾತುರ್ಮಾಸ್ಯದಲ್ಲಿ ಆಟ, ಕೂಟ ನಡೆಯುತ್ತಲೇ ಬಂತು. 2020ರಲ್ಲಿ ಬ್ರಹ್ಮೈಕ್ಯರಾದ ಕೇಶವಾನಂದ ಭಾರತೀ ಸ್ವಾಮೀಜಿ ತಾವೇ ಪದ ಹೇಳುತ್ತಿದ್ದರು. ದೇಶಕ್ಕೆ ಅವರ ಹೆಸರು 1973ರ ಸುಪ್ರೀಂ ಕೋರ್ಟ್ ತೀರ್ಪಿನಿಂದ ಗೊತ್ತು, ಇಲ್ಲಿಯವರಿಗೆ ಅವರ ಸ್ವರವೂ ಗೊತ್ತು. ಆ ಸ್ವರವೂ ನಿಮ್ಮಲ್ಲಿ ಕೆಲವರ ಡಬ್ಬದಲ್ಲಿದೆ.

ಈಗ ಅವಸರದ ಮಾತು.

ಟೇಪು ಶಾಶ್ವತವಲ್ಲ. ಪ್ಲಾಸ್ಟಿಕ್ಕಿನ ಪಟ್ಟಿಯ ಮೇಲೆ ಕಬ್ಬಿಣದ ಆಕ್ಸೈಡಿನ ಪುಡಿಯನ್ನು ಅಂಟಿನಿಂದ ಹಿಡಿಸಿ ಮಾಡಿದ ವಸ್ತು ಅದು. ನಮ್ಮ ಮಳೆಗಾಲದ ತೇವಕ್ಕೆ ಆ ಅಂಟು ಸಡಿಲವಾಗುತ್ತದೆ. ವಿ.ಎಚ್.ಎಸ್. ಕ್ಯಾಸೆಟ್ಟಿನ ಕಿಟಕಿಯಲ್ಲಿ ಬಿಳಿ ಬೂಷ್ಟು ಕಂಡಿದ್ದೀರಲ್ಲ, ಅದು ಟೇಪಿನ ಸುರುಳಿಯ ಅಂಚನ್ನು ತಿನ್ನುತ್ತಿದೆ. ಟೇಪು ಉಳಿದರೂ ಅದನ್ನು ನುಡಿಸುವ ಯಂತ್ರ ಉಳಿಯುತ್ತಿಲ್ಲ. ಜಪಾನಿನ ಫುನಾಯ್ ಕಂಪನಿ 2016ರ ಜುಲೈಯಲ್ಲಿ ವಿ.ಸಿ.ಆರ್. ತಯಾರಿಕೆಯನ್ನು ನಿಲ್ಲಿಸಿತು, ಲೋಕದಲ್ಲಿ ಅದನ್ನು ಮಾಡುತ್ತಿದ್ದ ಕೊನೆಯ ಕಂಪನಿ ಅದೇ. ಯುನೆಸ್ಕೋ ಮತ್ತು ಧ್ವನಿ ಸಂಗ್ರಹಾಲಯಗಳ ಅಂತಾರಾಷ್ಟ್ರೀಯ ಸಂಘ ಸೇರಿ ಕೆಲವು ವರ್ಷಗಳ ಹಿಂದೆ ಲೋಕದ ಎಲ್ಲ ಸಂಗ್ರಹಾಲಯಗಳಿಗೆ ಎಚ್ಚರಿಕೆ ಕೊಟ್ಟವು. 2025ರ ಹೊತ್ತಿಗೆ ಕಾಂತೀಯ ಟೇಪುಗಳನ್ನು ನುಡಿಸುವುದೇ ಬಹುತೇಕ ಅಸಾಧ್ಯವಾಗುತ್ತದೆ ಎಂಬುದು ಆ ಕ್ಷೇತ್ರದವರ ಅಂದಾಜು. ಆ ವರ್ಷ ಬಂದಾಯಿತು.

ಹಾಗೆಂದು ಗಾಬರಿಯಿಂದ ಇವತ್ತೇ ಕ್ಯಾಸೆಟ್ಟನ್ನು ಹಳೆಯ ಪ್ಲೇಯರಿಗೆ ತುರುಕಬೇಡಿ. ಬೂಷ್ಟು ಹಿಡಿದ ಟೇಪನ್ನು ಓಡಿಸಿದರೆ ಟೇಪೂ ಹರಿಯುತ್ತದೆ, ಯಂತ್ರವೂ ಕೆಡುತ್ತದೆ. ಅಂಥದ್ದನ್ನು ಬೇರೆ ಇಡಿ, ಬಲ್ಲವರ ಕೈಗೆ ಕೊಡಿ. ಚೆನ್ನಾಗಿರುವ ಕ್ಯಾಸೆಟ್ಟಿನ ಹಿಂಬದಿಯ ಅಂಚಿನಲ್ಲಿ ಎರಡು ಪುಟ್ಟ ಪ್ಲಾಸ್ಟಿಕ್ ಹಲ್ಲುಗಳಿರುತ್ತವೆ. ಅವನ್ನು ಮೊದಲು ಮುರಿಯಿರಿ, ಆಗ ಅದರ ಮೇಲೆ ತಪ್ಪಿ ಬೇರೇನೂ ಮುದ್ರಣವಾಗುವುದಿಲ್ಲ. ಸಡಿಲವಾದ ಸುರುಳಿಯನ್ನು ಪೆನ್ಸಿಲು ಹಾಕಿ ತಿರುಗಿಸಿ ಬಿಗಿ ಮಾಡಿ. ಪ್ಲೇಯರಿನ ಹೆಡ್ಡನ್ನು ಐಸೋಪ್ರೊಪೈಲ್ ಆಲ್ಕೋಹಾಲ್ ಅದ್ದಿದ ಹತ್ತಿಯಿಂದ ಒರೆಸಿ. ಸ್ವರ ಮುಸುಕಾಗಿ ಕೇಳಿದರೆ ಅದು ಟೇಪಿನ ದೋಷವೇ ಆಗಬೇಕೆಂದಿಲ್ಲ. ಹೆಡ್ಡಿನ ಓರೆ ಸರಿಯಿಲ್ಲದಿದ್ದರೂ ಹಾಗಾಗುತ್ತದೆ. ಬಲ್ಲ ಮೆಕ್ಯಾನಿಕ್ ಒಂದು ಸಣ್ಣ ಸ್ಕ್ರೂ ತಿರುಗಿಸಿದರೆ ಮುಚ್ಚಿದ್ದ ಕಂಠ ತೆರೆದುಕೊಳ್ಳುತ್ತದೆ.

ಮುದ್ರಣವನ್ನು ಗಣಕಕ್ಕೆ ಇಳಿಸುವಾಗ ಮೊಬೈಲನ್ನು ಸ್ಪೀಕರಿನ ಎದುರು ಹಿಡಿಯುವುದು ಬೇಡ. ತಂತಿಯ ಮೂಲಕವೇ ಇಳಿಸಬೇಕು. ಸಂಗ್ರಹಾಲಯಗಳು ಒಪ್ಪಿರುವ ಮಟ್ಟ 24 ಬಿಟ್, ಸಾಧ್ಯವಾದರೆ 96 ಕಿಲೋಹರ್ಟ್ಜ್, ಕಡಿಮೆಯೆಂದರೆ 48. ‘ವೇವ್’ ಕಡತವಾಗಿಯೇ ಇಡಬೇಕು, ಎಂ.ಪಿ.3 ಮಾಡುವುದಾದರೆ ಅದು ಹಂಚುವ ಪ್ರತಿಗೆ ಮಾತ್ರ. ಅತಿ ಎತ್ತರದ ಆ ಮಟ್ಟದಲ್ಲೂ ಒಂದು ಸಿ-90 ಕ್ಯಾಸೆಟ್ಟು ಸುಮಾರು ಮೂರು ಗಿಗಾಬೈಟು. ಒಂದು ಟೆರಾಬೈಟಿನ ಹಾರ್ಡ್ ಡಿಸ್ಕಿನಲ್ಲಿ ಮುನ್ನೂರು ಕ್ಯಾಸೆಟ್ಟು ಹಿಡಿಯುತ್ತದೆ. ಅಂದರೆ ಒಂದು ಇಡೀ ಊರಿನ ಕ್ಯಾಸೆಟ್ಟುಗಳು ಅಂಗೈಯಗಲದ ಪೆಟ್ಟಿಗೆಯಲ್ಲಿ ಕೂರುತ್ತವೆ. ಜಾಗಟೆಯ ಅಬ್ಬರ, ನಾಯಿಯ ಬೊಗಳು, ಕೆಮ್ಮು ಯಾವುದನ್ನೂ ಮೂಲ ಪ್ರತಿಯಿಂದ ತೆಗೆಯಬೇಡಿ. ಇಂದು ಗದ್ದಲ ಅನಿಸಿದ್ದರಲ್ಲಿ ನಾಳೆ ಯಾರಿಗೋ ಬೇಕಾದ ಸ್ವರ ಇರಬಹುದು.

ಇಳಿಸುವುದಕ್ಕಿಂತ ಮುಖ್ಯವಾದ ಇನ್ನೊಂದು ಕೆಲಸ ನಿಮ್ಮ ಮನೆಯ ಹಿರಿಯರ ಹತ್ತಿರ ಕೂತು ಮಾಡುವಂಥದ್ದು. ಕ್ಯಾಸೆಟ್ಟು ಹಾಕಿ, ಅವರನ್ನು ಕೇಳಿ. ಪದ ಯಾರದು? ಮದ್ದಳೆ ಯಾರದು? ಚಕ್ರತಾಳ ಹಿಡಿದವರು ಯಾರು? ಇದು ಯಾವ ವರ್ಷ, ಯಾರ ಅಂಗಳ, ಯಾವ ಕಾರಣಕ್ಕೆ ಆಡಿಸಿದ್ದು? ತೋಟದ ಕೆಲಸದವರು, ನೆರೆಕರೆಯವರು, ಅಡುಗೆಯವರು ಯಾರೆಲ್ಲ ಇದ್ದರು? ಎಂಬತ್ತು ದಾಟಿದ ಅಜ್ಜಿಗೆ ಈ ಉತ್ತರಗಳು ಗೊತ್ತಿವೆ. ಅವರು ಹೇಳಿದ್ದನ್ನು ಬರೆದಿಡಿ, ಅಥವಾ ಅವರ ಮಾತನ್ನೇ ಮೊಬೈಲಿನಲ್ಲಿ ಮುದ್ರಿಸಿ. ಟೇಪಿನಲ್ಲಿ ಭಾಗವತರ ಹೆಸರು ಇಲ್ಲ, ಅಜ್ಜಿಯ ನೆನಪಿನಲ್ಲಿದೆ. ಎರಡನ್ನೂ ಒಂದೇ ದಿನ ಉಳಿಸಿಕೊಳ್ಳಬಹುದು.

ನಿಮ್ಮಲ್ಲಿ ಕೆಲವರ ಅಂಜಿಕೆ ಅರ್ಥವಾಗುವಂಥದ್ದು. ಹಿಂದೆ ಯಾರೋ ಪ್ರತಿ ಮಾಡಿ ಕೊಡುತ್ತೇನೆಂದು ಕ್ಯಾಸೆಟ್ಟು ಒಯ್ದರು, ಮತ್ತೆ ತಂದುಕೊಡಲಿಲ್ಲ. ಇನ್ನು ಕೆಲವರು ನಿಮ್ಮ ಮನೆಯ ಆಟವನ್ನು ನಿಮ್ಮನ್ನು ಕೇಳದೆ ಯೂಟ್ಯೂಬಿಗೆ ಹಾಕಿ, ಅದರ ಮೇಲೆ ತಮ್ಮ ಹೆಸರಿನ ಮುದ್ರೆ ಒತ್ತಿದರು. ಈ ನೋವು ನ್ಯಾಯವಾದದ್ದು. ಮೂಲ ಕ್ಯಾಸೆಟ್ಟು ಮನೆ ಬಿಟ್ಟು ಹೋಗಬೇಕಾದ ಅಗತ್ಯವೇ ಇಲ್ಲ. ಯಂತ್ರವೇ ಮನೆಗೆ ಬರಲಿ. ಒಯ್ಯಲೇಬೇಕಾದರೆ ಎಣಿಸಿ, ಪಟ್ಟಿ ಮಾಡಿ, ಸಹಿ ಹಾಕಿಸಿ ಕೊಡಿ.

ಕಲಾವಿದರ ಹಕ್ಕನ್ನೂ ಮರೆಯಬಾರದು. ಮುದ್ರಣ ನಿಮ್ಮದಾದರೂ ಸ್ವರ ಅವರದು. ನಮ್ಮ ಕೃತಿಸ್ವಾಮ್ಯ ಕಾಯಿದೆಗೆ 1994ರಲ್ಲಿ ಆದ ತಿದ್ದುಪಡಿ ಪ್ರದರ್ಶನ ಕಲಾವಿದರಿಗೆ ಸ್ಪಷ್ಟವಾದ ಹಕ್ಕು ಕೊಟ್ಟಿತು, ಈಗ ಅದರ ಅವಧಿ 50 ವರ್ಷ. ಮನೆಯಲ್ಲಿ ಕಾಪಾಡಿಡುವುದು ಬೇರೆ, ಲೋಕಕ್ಕೆ ಬಿತ್ತರಿಸುವುದು ಬೇರೆ. ಬಿತ್ತರಿಸುವ ಮೊದಲು ಕಲಾವಿದರನ್ನು, ಅವರಿಲ್ಲದಿದ್ದರೆ ಮನೆಯವರನ್ನು, ಕೇಳಿ. ಬಲಿಪರ ಮನೆಯಾಗಲಿ, ಬೈಪಾಡಿತ್ತಾಯರ ಮನೆಯಾಗಲಿ, ಶೇಣಿಯವರ ಮನೆಯಾಗಲಿ, ಮೊದಲ ಪ್ರತಿ ಅವರಿಗೇ ಸಲ್ಲಬೇಕು. ಇಪ್ಪತ್ತೈದು ವರ್ಷದ ಹಿಂದಿನ ಅಪ್ಪನ ಸ್ವರ, ಅಮ್ಮನ ಸ್ವರ ಪೆನ್‌ಡ್ರೈವಿನಲ್ಲಿ ಮನೆ ಬಾಗಿಲಿಗೆ ಬರುವುದಕ್ಕಿಂತ ದೊಡ್ಡ ಸನ್ಮಾನ ಆ ಮಕ್ಕಳಿಗೆ ಬೇರೆ ಇರಲಾರದು.

ಕಾಸರಗೋಡು ಸರಕಾರಿ ಕಾಲೇಜಿನ ಕನ್ನಡ ವಿಭಾಗ, ಪೆರಿಯದ ಕೇಂದ್ರೀಯ ವಿಶ್ವವಿದ್ಯಾಲಯ, ಸಿರಿಬಾಗಿಲು ವೆಂಕಪ್ಪಯ್ಯ ಸಾಂಸ್ಕೃತಿಕ ಪ್ರತಿಷ್ಠಾನ, ಊರೂರಿನ ಯಕ್ಷಗಾನ ಸಂಘಗಳು ಮತ್ತು ಗ್ರಂಥಾಲಯಗಳಿಗೂ ಈ ಪತ್ರದ ಒಂದು ಪ್ರತಿ ಸಲ್ಲುತ್ತದೆ. ಒಂದು ಒಳ್ಳೆಯ ಕ್ಯಾಸೆಟ್ ಡೆಕ್ಕು, ಒಂದು ವಿ.ಸಿ.ಆರ್., ಒಂದು ಲ್ಯಾಪ್‌ಟಾಪು, ಇಬ್ಬರು ವಿದ್ಯಾರ್ಥಿಗಳು ಇದ್ದರೆ ಒಂದು ಪಂಚಾಯತಿನ ಕೆಲಸ ಶುರುವಾಗುತ್ತದೆ. ಆ ಇಬ್ಬರು ವಾರಕ್ಕೆ ಎರಡು ಮನೆಗೆ ಹೋಗಲಿ. ಮೊಗ್ರಾಲಿನ ಮಾಪ್ಪಿಳಪ್ಪಾಟ್ಟಿನ ಕ್ಯಾಸೆಟ್ಟು, ತೆಯ್ಯದ ವಿಡಿಯೋ, ಭೂತದ ಪಾಡ್ದನ ಎದುರಾದರೆ ಅದನ್ನೂ ಇಳಿಸಿಕೊಳ್ಳಲಿ. ಈ ನೆಲದಲ್ಲಿ ಅವೆಲ್ಲ ಒಂದೇ ಅಂಗಡಿಯ ಖಾಲಿ ಕ್ಯಾಸೆಟ್ಟಿನ ಮೇಲೆ ಮುದ್ರಣವಾದಂಥವು.

ಎಷ್ಟೋ ಮನೆಯ ಮುದ್ರಣಗಳು ಮಂಗಳಕ್ಕೆ ಮೊದಲೇ ನಿಂತುಹೋಗುತ್ತವೆ. ಆರನೆಯ ಕ್ಯಾಸೆಟ್ಟೂ ಮುಗಿದಿರುತ್ತದೆ, ಅಥವಾ ಕಾದು ಕೂತವರ ಕಣ್ಣು ಮುಚ್ಚಿರುತ್ತದೆ. ಹಾಗಾಗಿ ಯಾರದೋ ಒಬ್ಬರ ಡಬ್ಬದಲ್ಲಿ ಕೊನೆಯ ಆ ಪದ ಪೂರ್ತಿ ಇದ್ದರೆ ಅದು ಆ ಊರಿನವರೆಲ್ಲರದು.

ಈ ಭಾನುವಾರ ಡಬ್ಬವನ್ನು ಕೆಳಗಿಳಿಸಿ. ಮೊದಲ ಕ್ಯಾಸೆಟ್ಟಿನ ಚೀಟಿಯ ಮೇಲೆ ಪ್ರಸಂಗ, ಭಾಗವತರು, ಮದ್ದಳೆ, ಚೆಂಡೆ, ಅರ್ಥಧಾರಿಗಳು, ಸ್ಥಳ, ವರ್ಷ ಇಷ್ಟನ್ನು ಬರೆಯಿರಿ. ಮುಂದಿನ ಪತ್ತನಾಜೆಯ ಮೊದಲು, ಮಳೆ ಹಿಡಿಯುವ ಮೊದಲು, ಅದರಲ್ಲಿ ಒಂದನ್ನಾದರೂ ಗಣಕಕ್ಕೆ ಇಳಿಸಿ, ಒಂದು ಪ್ರತಿಯನ್ನು ಹಾಡಿದವರ ಮನೆಗೆ ಮುಟ್ಟಿಸಿ.